ಮೊದಲು ಕರೆಂಟು, ಆಮೇಲೆ ನೀರು, ಕೊನೆಗೆ ಮೀನು

ರಾತ್ರಿ ಎರಡೂಮುಕ್ಕಾಲಿಗೆ ಒಂದು ಸದ್ದಿಗೆ ಎಚ್ಚರವಾಯಿತು. ಲೋಟದ ತಳದಲ್ಲಿ ಉಳಿದ ಕೊನೇ ಗುಟುಕನ್ನು ಸ್ಟ್ರಾ ಹಾಕಿ ಎಳೆದರೆ ಬರುತ್ತದಲ್ಲ, ಆ ಥರದ ಗೊರಗೊರ. ಅದರ ಹಿಂದೆಯೇ ಇನ್ನೊಂದು ಸಣ್ಣ ಕಿರುಚಾಟ, ಖಾಲಿ ಜಾರಿನಲ್ಲಿ ಮಿಕ್ಸಿ ತಿರುಗಿದ ಹಾಗೆ. ಹಾಲ್‌ಗೆ ಬಂದು ಲೈಟ್ ಹಾಕಿದೆ. ಅಕ್ವೇರಿಯಂನಲ್ಲಿ ನಾಲ್ಕು ಬೆರಳು ನೀರು ಉಳಿದಿತ್ತು, ಅಷ್ಟೇ.

ಏಂಜೆಲ್ ಮೀನುಗಳು ಅಡ್ಡ ಮಲಗಿದ್ದವು. ಅವು ಉದ್ದಕ್ಕಿಂತ ಎತ್ತರ ಇರುವ ಮೀನುಗಳು, ನಾಲ್ಕು ಬೆರಳು ನೀರಿನಲ್ಲಿ ನೆಟ್ಟಗೆ ನಿಲ್ಲಲು ಆಗುವುದಿಲ್ಲ. ಒಂದು ಕಣ್ಣು ಮರಳಿಗೆ, ಇನ್ನೊಂದು ಕಣ್ಣು ನನಗೆ. ಮೂಲೆಯಲ್ಲಿ ನೆಟ್ಟಗೆ ನಿಲ್ಲಿಸಿದ್ದ ಹೀಟರ್ ಪೂರ್ತಿ ಹೊರಗೆ, ಒಣಗಿ, ಗಾಜಿನ ಮೇಲೆ ಬಿಳಿ ಉಂಗುರಗಳು. ಅದರ ಕೆಂಪು ದೀಪ ಇನ್ನೂ ಉರಿಯುತ್ತಿತ್ತು. ಅದನ್ನು ನೋಡಿದೆ. ನೋಡಿಯೂ ನೋಡಲಿಲ್ಲ. ಪಕ್ಕದಲ್ಲಿದ್ದ ಬಕೆಟ್ ಎತ್ತಿ ಸುರಿದೆ.

ಟಪ್ ಅಂತ ಸಣ್ಣ ಸದ್ದು. ಬಿಸಿ ಗಾಜಿನ ಲೋಟಕ್ಕೆ ತಣ್ಣೀರು ಬಿದ್ದಾಗ ಬರುವಂಥದ್ದು. ಅದೇನು ಅಂತ ಯೋಚಿಸುವಷ್ಟರಲ್ಲಿ, ಮರಳಿಗೆ ಅಂಟಿಕೊಂಡಿದ್ದ ಒಂದು ಮೀನನ್ನು ಬಿಡಿಸೋಣ ಅಂತ ಕೈ ಹಾಕಿದೆ. ಮೊಣಕೈವರೆಗೆ ಯಾರೋ ಸುತ್ತಿಗೆಯಲ್ಲಿ ಹೊಡೆದ ಹಾಗಾಯಿತು. ಮರುಕ್ಷಣ ಮನೆಯಿಡೀ ಕತ್ತಲು. ಪಂಪಿನ ಕಿರುಚಾಟವೂ ನಿಂತಿತು.

ಬೋರ್ಡಿನಲ್ಲಿದ್ದ ಆರ್‌ಸಿಸಿಬಿ, ಅಂದರೆ ಕರೆಂಟು ಸೋರಿದರೆ ಲೈನ್ ಕತ್ತರಿಸುವ ಸ್ವಿಚ್ಚು, ಟ್ರಿಪ್ ಆಗಿತ್ತು. ಅದಕ್ಕೇ ಇವತ್ತು ಕೂತು ಇದನ್ನು ಬರೆಯುತ್ತಿದ್ದೇನೆ. ಬೆಳಿಗ್ಗೆ ಹೋಗಿ ಇಸಿಜಿ ಮಾಡಿಸಿಕೊಂಡೆ, ಏನೂ ತೊಂದರೆ ಇರಲಿಲ್ಲ. ಶಾಕ್ ಹೊಡೆದ ಮೇಲೆ "ನಾನು ಚೆನ್ನಾಗೇ ಇದ್ದೀನಿ" ಅಂತ ಸುಮ್ನೆ ಕೂರಬೇಡಿ, ಒಮ್ಮೆ ತೋರಿಸಿಕೊಳ್ಳಿ.

ನನ್ನ ಕೆಲಸ ಲೆಕ್ಕ ಬರೆಯುವುದು. ಹಾಗಾಗಿ ಮೀನಿನ ತೊಟ್ಟಿಯನ್ನೂ ಜಮಾ ಖರ್ಚಿನ ಪುಸ್ತಕದ ಥರವೇ ನೋಡುತ್ತೇನೆ. ನನ್ನ ತೊಟ್ಟಿ 90 ಸೆಂಟಿಮೀಟರ್ ಉದ್ದ, 45 ಅಗಲ, 45 ಎತ್ತರ. ಅಂಚಿನವರೆಗೆ ತುಂಬಿದರೆ 182 ಲೀಟರ್. ಒಂದು ಸೆಂಟಿಮೀಟರ್ ನೀರು ಅಂದರೆ ಹತ್ತಿರ ಹತ್ತಿರ 4 ಲೀಟರ್. ದಿನಾ ಸ್ವಲ್ಪ ಹಳೇ ನೀರು ಖರ್ಚು, ಅಷ್ಟೇ ಹೊಸ ನೀರು ಜಮಾ. ವರ್ಷಗಟ್ಟಲೆ ಬಕೆಟ್ ಹೊತ್ತು ಸೊಂಟ ನೋವು ಬಂದ ಮೇಲೆ ಈ ಕೆಲಸವನ್ನು ಎರಡು ಸಣ್ಣ ಪಂಪುಗಳಿಗೆ ವಹಿಸಿದ್ದೆ. ರಾತ್ರಿ ಒಂದೂವರೆಗೆ ಒಂದು ಪಂಪು ನಾಲ್ಕು ನಿಮಿಷ ಓಡಿ 20 ಲೀಟರ್ ನೀರನ್ನು ಬಚ್ಚಲಿಗೆ ಹಾಕುತ್ತದೆ. ಆಮೇಲೆ ಇನ್ನೊಂದು ಪಂಪು ಪಕ್ಕದ 100 ಲೀಟರ್ ಡ್ರಮ್ಮಿನಿಂದ ಹೊಸ ನೀರು ತುಂಬುತ್ತದೆ. ನೀರು ಮೇಲೆ ಬಂದು ಫ್ಲೋಟ್ ಸ್ವಿಚ್ ತೇಲಿದಾಗ ಅದು ನಿಲ್ಲುತ್ತದೆ. ಎಂಟು ತಿಂಗಳು ಒಂದು ದಿನವೂ ತಪ್ಪಿರಲಿಲ್ಲ.

ಹಾಗಾದರೆ ಆ ರಾತ್ರಿ ಏನಾಯಿತು? ಪಂಪು ತನ್ನ ನಾಲ್ಕು ನಿಮಿಷ ಮುಗಿಸಿ ಸರಿಯಾಗಿಯೇ ನಿಂತಿತು. ನೀರು ನಿಲ್ಲಲಿಲ್ಲ. ಪೈಪಿನ ಒಂದು ತುದಿ ತೊಟ್ಟಿಯ ತಳದಲ್ಲಿ, ಇನ್ನೊಂದು ತುದಿ ಅದಕ್ಕಿಂತ ಕೆಳಗೆ ಬಚ್ಚಲಲ್ಲಿ. ಒಮ್ಮೆ ಪೈಪಿನ ತುಂಬ ನೀರು ನಿಂತರೆ ಪಂಪು ಬೇಕಾಗಿಲ್ಲ, ಕರೆಂಟೂ ಬೇಕಾಗಿಲ್ಲ. ಡ್ರಮ್ಮಿನಿಂದ ನೀರು ಇಳಿಸಲು ಪೈಪನ್ನು ಬಾಯಲ್ಲಿ ಒಮ್ಮೆ ಎಳೆದು ಬಿಡುತ್ತೀವಲ್ಲ, ಅದೇ ಸೈಫನ್. ಇದು ನನಗೆ ಗೊತ್ತಿತ್ತು. ಪೈಪು ತೊಟ್ಟಿಯ ಅಂಚು ದಾಟುವ ಕಡೆ, ನೀರಿನ ಮಟ್ಟಕ್ಕಿಂತ ಮೇಲೆ, ಒಂದು ಸಣ್ಣ ತೂತು ಕೊರೆದಿದ್ದೆ. ಪಂಪು ನಿಂತ ಕೂಡಲೇ ಆ ತೂತಿನಿಂದ ಗಾಳಿ ನುಗ್ಗಿ ಸೈಫನ್ ಮುರಿಯಬೇಕು. ಎಂಟು ತಿಂಗಳಲ್ಲಿ ಆ ತೂತಿಗೆ ಗಡಸು ನೀರಿನ ಬಿಳಿ ಪದರ ಕಟ್ಟಿ ಮುಚ್ಚಿಹೋಗಿತ್ತು. ಬೆಳಿಗ್ಗೆ ನೋಡಿದೆ, ಸಾಸಿವೆ ಕಾಳಿನಷ್ಟು ಜಾಗ. ಗುಂಡುಸೂಜಿಯಲ್ಲಿ ಚುಚ್ಚಿದರೆ ಪಟ್ ಅಂತ ಉದುರಿತು.

ಅತ್ತ ತುಂಬಿಸುವ ಪಂಪು ತನ್ನ ಕರ್ತವ್ಯ ಮಾಡುತ್ತಲೇ ಇತ್ತು. ನೀರು ಕೆಳಗಿದೆ, ಫ್ಲೋಟ್ ತೇಲಿಲ್ಲ, ಸರಿ ತುಂಬು. ಈ ಕಡೆಯಿಂದ ಬಂದದ್ದು ಆ ಕಡೆಯಿಂದ ಹೋಯಿತು. 100 ಲೀಟರ್ ಡ್ರಮ್ ಖಾಲಿ. ಆಮೇಲೆ ಪಂಪು ಗಾಳಿಯಲ್ಲಿ ತಿರುಗುತ್ತ ಕಿರುಚಿತು. ಒಟ್ಟು ಇನ್ನೂರಕ್ಕೂ ಜಾಸ್ತಿ ಲೀಟರ್ ನೀರು ಬಚ್ಚಲಿಗೆ. ಎಳೆಯುವ ಪಂಪಿನ ಬಾಯಿ ಮರಳಿನಿಂದ ನಾಲ್ಕು ಬೆರಳು ಮೇಲಿತ್ತು, ಅಷ್ಟು ನೀರಾದರೂ ಉಳಿದದ್ದು ಅದರಿಂದ. ಹೀಟರಿನ ಕಥೆಯೂ ಅಷ್ಟೇ. ನೀರು ಬಿಟ್ಟು ಹೊರಗೆ ಬಂದಿದ್ದೇನೆ ಅಂತ ಅದಕ್ಕೆ ಗೊತ್ತಾಗುವುದಿಲ್ಲ. ಸುತ್ತ ತಣ್ಣಗಿದೆ, ಕಾಯಿಸು. ಕಾದ ಗಾಜಿನ ಮೇಲೆ ನಾನು ಬಕೆಟ್ ಸುರಿದೆ, ಬಿರುಕು ಬಿಟ್ಟಿತು, ಒಳಗಿನ ಕರೆಂಟು ನೀರಿಗೆ ಬಂತು.

ಈಗ ಆರ್‌ಸಿಸಿಬಿ ಬಗ್ಗೆ ಒಂದು ಮಾತು. ಇಲ್ಲಿ ತುಂಬ ಜನ ತಪ್ಪು ತಿಳಿದಿದ್ದಾರೆ, ನಾನೂ ತಿಳಿದಿದ್ದೆ. ಹೋದ ಕರೆಂಟು ಅಷ್ಟೇ ವಾಪಸ್ ಬಂತಾ ಅಂತ ಅದು ತಾಳೆ ನೋಡುತ್ತದೆ. ನಮ್ಮ ಆಫೀಸಿನ ಕೆಲಸವೇ. ಮನೆಗಳಲ್ಲಿ ಹಾಕುವ ಸಾಮಾನ್ಯ ಆರ್‌ಸಿಸಿಬಿ 30 ಮಿಲಿ ಆಂಪಿಯರ್ ವ್ಯತ್ಯಾಸ ಕಂಡರೆ ಕ್ಷಣದೊಳಗೆ ಲೈನ್ ಕತ್ತರಿಸುತ್ತದೆ. ಆದರೆ ವ್ಯತ್ಯಾಸ ಬರಬೇಕಾದರೆ ಕರೆಂಟು ಎಲ್ಲಿಗಾದರೂ ಸೋರಬೇಕಲ್ಲ? ಮರದ ಸ್ಟ್ಯಾಂಡಿನ ಮೇಲಿನ ಗಾಜಿನ ತೊಟ್ಟಿಯಲ್ಲಿ ಸೋರಲು ದಾರಿಯೇ ಇರದಿರಬಹುದು. ಹೀಟರ್ ಒಡೆದಿರುತ್ತದೆ, ನೀರಿನಲ್ಲಿ ಕರೆಂಟು ಇರುತ್ತದೆ, ಆರ್‌ಸಿಸಿಬಿ ಮಾತ್ರ ತೆಪ್ಪಗೆ ಕೂತಿರುತ್ತದೆ. ನೀವು ಒದ್ದೆ ನೆಲದ ಮೇಲೆ ಬರಿಗಾಲಲ್ಲಿ ನಿಂತು ಕೈ ಹಾಕಿದಾಗ ದಾರಿ ಸಿಗುತ್ತದೆ. ಆ ದಾರಿ ನೀವೇ. ಆ ರಾತ್ರಿ ಆದದ್ದು ಅದು. ಹಾಗಾಗಿ ಟ್ರಿಪ್ ಆಗಿಲ್ಲ ಅಂದ ಮಾತ್ರಕ್ಕೆ ನೀರು ಮುಟ್ಟಬಹುದು ಅಂತಲ್ಲ. ಎಂಸಿಬಿ ಇದೆಯಲ್ಲ ಅನ್ನುವವರಿಗೂ ಇದನ್ನೇ ಹೇಳುತ್ತೇನೆ. ಎಂಸಿಬಿ ಇರುವುದು ವೈರ್ ಸುಡದಿರಲಿ ಅಂತ. ನಿಮ್ಮನ್ನು ಕಾಯುವುದು ಅದರ ಕೆಲಸವಲ್ಲ.

ಕತ್ತಲಾದ ಮೇಲೆ ನಾನು ಮಾಡಿದ್ದು ಸರಿಯಾಗಿಯೇ ಇತ್ತು. ಹೆದರಿಕೆ ಬುದ್ಧಿ ಕೊಟ್ಟಿತು ಅನ್ನಿ. ಟಾರ್ಚ್ ತಂದೆ. ಒಣಗಿದ ಚಪ್ಪಲಿ ಹಾಕಿಕೊಂಡೆ, ಕೈ ಒರೆಸಿಕೊಂಡೆ. ಆರ್‌ಸಿಸಿಬಿಯನ್ನು ಹಾಗೇ ಬಿಟ್ಟು, ಮೇನ್ ಕೂಡ ಆಫ್ ಮಾಡಿ, ತೊಟ್ಟಿಗೆ ಸಂಬಂಧಿಸಿದ ಪ್ರತಿ ಪ್ಲಗ್ಗನ್ನೂ ಕಿತ್ತೆ. ಹೀಟರ್, ಫಿಲ್ಟರ್, ಲೈಟ್, ಎರಡೂ ಪಂಪಿನ ಅಡಾಪ್ಟರ್. ಎಲ್ಲ ಕಿತ್ತ ಮೇಲೆ ಮನೆಯ ಲೈಟಿಗೆ ಮಾತ್ರ ಕರೆಂಟು ವಾಪಸ್ ಕೊಟ್ಟೆ. ಪಂಪು 12 ವೋಲ್ಟ್ ಅಂತ ಧೈರ್ಯ ಮಾಡುವವರಿದ್ದಾರೆ. ಪಂಪು 12 ವೋಲ್ಟ್ ಸರಿ, ಅದರ ಅಡಾಪ್ಟರ್ ಚುಚ್ಚಿಕೊಂಡಿರುವುದು ಗೋಡೆಯ ಕರೆಂಟಿಗೇ ಅಲ್ವಾ? ನನ್ನ ಎಕ್ಸ್‌ಟೆನ್ಷನ್ ಬೋರ್ಡ್ ಆಗ ತೊಟ್ಟಿಯ ಕೆಳಗೆ, ಕಪಾಟಿನೊಳಗೆ, ನೆಲದ ಮೇಲಿತ್ತು. ಬಚ್ಚಲ ಪೈಪು ಕಳಚಿ ನೀರು ಹಾಲ್‌ಗೇ ಬಂದಿದ್ದರೆ ಆ ಬೋರ್ಡ್ ಮುಳುಗುತ್ತಿತ್ತು. ಅದನ್ನು ಆಫ್ ಮಾಡಲು ನಾನು ಆ ನೀರಿನಲ್ಲೇ ಮಂಡಿಯೂರಬೇಕಿತ್ತು.

ನೆಲದಲ್ಲಿ ನೀರು ನಿಂತು ಅದರಲ್ಲಿ ಬೋರ್ಡೋ ವೈರೋ ಇದ್ದರೆ ಆ ನೀರಿಗೆ ಕಾಲಿಡಬೇಡಿ. ಮೊದಲು ಮೇನ್. ಮೇನ್ ಇರುವುದೇ ಆ ನೀರಿನಾಚೆ ಆಗಿದ್ದರೆ ಹೊರಗೆ ನಿಂತು ಫೋನ್ ಮಾಡಿ, ಕರೆಂಟಿನವರು ಬಂದು ಕತ್ತರಿಸಲಿ. ಯಾರಿಗಾದರೂ ಶಾಕ್ ಹಿಡಿದುಕೊಂಡಿದ್ದರೆ ಅವರನ್ನು ಕೈಯಿಂದ ಎಳೆಯಬೇಡಿ, ಅಲ್ಲೂ ಮೊದಲು ಮೇನೇ.

ಇನ್ನು ನೀರು. ಕರೆಂಟು ತೆಗೆದರೆ ಪಂಪು ನಿಲ್ಲುತ್ತದೆ, ಸೈಫನ್ ನಿಲ್ಲುವುದಿಲ್ಲ. ಇದನ್ನು ಮನೆಯವರಿಗೆ ಅರ್ಥ ಮಾಡಿಸುವುದು ನನಗೆ ಎಲ್ಲಕ್ಕಿಂತ ಕಷ್ಟವಾಯಿತು. "ಸ್ವಿಚ್ ಆಫ್ ಮಾಡಿದ್ದೀನಲ್ಲ, ಇನ್ನೂ ಹೋಗ್ತಾನೇ ಇದೆಯಲ್ಲೇ" ಅಂತ ನಮ್ಮೆಜಮಾನರು ಟ್ರಯಲ್ ಮಾಡುವಾಗ ಪೈಪು ಹಿಡಿದುಕೊಂಡು ಬೆರಗಾಗಿ ನಿಂತಿದ್ದರು. ಪೈಪನ್ನು ಮಡಚಿ ಹಿಸುಕಿ ಹಿಡಿಯಬಹುದು. ಹೊರಗಿನ ತುದಿಯನ್ನು ತೊಟ್ಟಿಯ ನೀರಿಗಿಂತ ಮೇಲೆ ಎತ್ತಿ ಹಿಡಿಯಬಹುದು. ಎಲ್ಲಕ್ಕಿಂತ ಸುಲಭ, ಕೈಗೆ ಸಿಗುವ ಕಡೆ ಒಂದು ಸಣ್ಣ ಬಾಲ್ ವಾಲ್ವ್ ಹಾಕಿ ತಿರುಗಿಸುವುದು. ಕರೆಂಟಿನಿಂದ ತೆರೆಯುವ ಸೊಲೆನಾಯ್ಡ್ ವಾಲ್ವ್ ಹಾಕಿದ್ದೇನೆ, ಕರೆಂಟು ಹೋದರೆ ಅದೇ ಮುಚ್ಚಿಕೊಳ್ಳುತ್ತದೆ ಅನ್ನುವವರೂ ಇದ್ದಾರೆ. ಮುಚ್ಚಿಕೊಳ್ಳುತ್ತದೆ, ಒಳಗೆ ಒಂದು ಮರಳಿನ ಕಾಳು ಸಿಕ್ಕಿಹಾಕಿಕೊಳ್ಳುವವರೆಗೆ. ಅದರ ಜೊತೆಗೂ ಕೈಯಲ್ಲಿ ತಿರುಗಿಸುವ ಒಂದು ವಾಲ್ವ್ ಇರಲಿ.

ಮೀನು ಕೊನೆಗೆ ಅಂದರೆ ನನ್ನ ಸ್ನೇಹಿತರಲ್ಲಿ ಕೆಲವರಿಗೆ ಸಿಟ್ಟು ಬರುತ್ತದೆ. ಕೇಳಿ, ಆ ಏಂಜೆಲ್‌ಗಳು ನಾಲ್ಕು ಬೆರಳು ನೀರಿನಲ್ಲಿ ಅಡ್ಡ ಮಲಗಿಕೊಂಡೇ ಇನ್ನೂ ಮುಕ್ಕಾಲು ಗಂಟೆ ಬದುಕಿದ್ದವು. ಕಿವಿರು ಒದ್ದೆಯಿದ್ದು, ನೀರಿನಲ್ಲಿ ಗಾಳಿ ಇದ್ದರೆ ಮೀನಿಗೆ ಸ್ವಲ್ಪ ಹೊತ್ತು ಸಿಗುತ್ತದೆ. ನಮಗೆ ಅಷ್ಟು ಹೊತ್ತು ಸಿಗುವುದಿಲ್ಲ. ಬ್ಯಾಟರಿಯಲ್ಲಿ ಓಡುವ ಸಣ್ಣ ಏರ್ ಪಂಪ್ ಒಂದಿತ್ತು, ಅದರ ಏರ್ ಸ್ಟೋನ್, ಅಂದರೆ ಗುಳ್ಳೆ ಬಿಡುವ ಕಲ್ಲು, ಇಳಿಬಿಟ್ಟೆ. ಆಮೇಲೆ ಗಾಬರಿಯಾಗಲು ನಿಜವಾಗಿ ಏನೂ ಉಳಿದಿರಲಿಲ್ಲ, ಬರೀ ಕೆಲಸವಿತ್ತು.

ಹೀಟರ್ ಒಡೆಯದೆ ಬರೀ ಒಣಗಿ ನಿಂತಿದ್ದರೆ ಪ್ಲಗ್ ಕಿತ್ತು ಇಪ್ಪತ್ತು ನಿಮಿಷ ತಣ್ಣಗಾಗಲು ಬಿಡಬೇಕು, ಆಮೇಲೆ ನೀರು. ನನ್ನದು ಒಡೆದೇ ಹೋಗಿತ್ತಲ್ಲ, ಪ್ಲಗ್ ಕಿತ್ತಿದ್ದರಿಂದ ಧೈರ್ಯವಾಗಿ ಹೊರಗೆ ತೆಗೆದೆ. ಡ್ರಮ್ಮಿನ ಹದವಾದ ನೀರೆಲ್ಲ ಬಚ್ಚಲು ಸೇರಿತ್ತು, ಉಳಿದದ್ದು ನಲ್ಲಿ ನೀರು. ಅದರಲ್ಲಿ ಕ್ಲೋರಿನ್ ಇರುತ್ತದೆ, ಕೆಲವು ಕಡೆ ಕ್ಲೋರಮಿನ್. ಎರಡೂ ಕಿವಿರು ಸುಡುತ್ತವೆ. ಕ್ಲೋರಿನ್ ಆದರೆ ನೀರು ತೆರೆದಿಟ್ಟರೆ ನಿಧಾನಕ್ಕೆ ಹಾರಿಹೋಗುತ್ತದೆ, ಕ್ಲೋರಮಿನ್ ಅಷ್ಟು ಸುಲಭಕ್ಕೆ ಹೋಗುವುದಿಲ್ಲ. ರಾತ್ರಿ ಮೂರು ಗಂಟೆಗೆ ಹಾರಿಹೋಗಲಿ ಅಂತ ಕಾಯುವುದಂತೂ ಸಾಧ್ಯವಿಲ್ಲ. ಒಂದೊಂದೇ ಬಕೆಟ್ ತುಂಬಿ, ಅದರಲ್ಲೇ ಆಂಟಿ ಕ್ಲೋರಿನ್ ಕದಡಿ, ಬಿಸಿ ನೀರು ಬೆರೆಸಿ, ಥರ್ಮಾಮೀಟರ್ ಇಟ್ಟು ನೋಡಿ, ತೊಟ್ಟಿಯ ನೀರಿಗೆ ಒಂದೆರಡು ಡಿಗ್ರಿಗಿಂತ ಜಾಸ್ತಿ ವ್ಯತ್ಯಾಸ ಇಲ್ಲದಂತೆ ಮಾಡಿ, ಏರ್ ಪಂಪಿನ ಸಣ್ಣ ಪೈಪಿನಲ್ಲಿ ನಿಧಾನ ಇಳಿಸಿದೆ. ಬಕೆಟ್ ಬಿಟ್ಟು ನಲ್ಲಿ ಪೈಪನ್ನೇ ತೊಟ್ಟಿಗೆ ಹಾಕುವುದಾದರೆ ಔಷಧವನ್ನು ಇಡೀ ತೊಟ್ಟಿಯ ಲೆಕ್ಕಕ್ಕೆ, ನೀರು ಬಿಡುವ ಮೊದಲೇ ಹಾಕಬೇಕು.

ಅರ್ಧ ತೊಟ್ಟಿ ತುಂಬುವಾಗ ಬೆಳಗಿನ ಐದು ಗಂಟೆ. ದೊಡ್ಡ ಏಂಜೆಲ್ ಎದ್ದು ನಿಂತಿತು. ಒಂದು ಕಡೆಯ ಈಜುರೆಕ್ಕೆ ಹರಿದಿತ್ತು. ಸ್ವಲ್ಪ ಹೊತ್ತು ವಾಲಿಕೊಂಡೇ ಇದ್ದು, ಆಮೇಲೆ ಏನೂ ಆಗಿಲ್ಲವೆಂಬಂತೆ ಗಾಜಿನ ಹತ್ತಿರ ಬಂದು ಊಟ ಕೇಳಿತು. ಹಾಕಲಿಲ್ಲ. ಕ್ಲೋರಮಿನ್ ಒಡೆದಾಗ ಮೀನಿಗೆ ವಿಷವಾದ ಅಮೋನಿಯ ಬಿಡುಗಡೆಯಾಗುತ್ತದೆ, ಅದನ್ನು ತಿಂದು ಮುಗಿಸುವ ಫಿಲ್ಟರಿನ ಬ್ಯಾಕ್ಟೀರಿಯಾಗೂ ಪೆಟ್ಟು ಬಿದ್ದಿರಬಹುದು. ಅಂಥ ಹೊತ್ತಿನಲ್ಲಿ ಮೀನಿಗೆ ಊಟ ಹಾಕಿದರೆ ಅಮೋನಿಯ ಇನ್ನೂ ಏರುತ್ತದೆ. ಎರಡು ದಿನ ಉಪವಾಸ, ಒಂದು ವಾರ ದಿನಾ ಅಮೋನಿಯ ಟೆಸ್ಟ್. ಫಿಲ್ಟರಿನ ಸ್ಪಂಜನ್ನು ನಲ್ಲಿ ನೀರಲ್ಲಿ ತೊಳೆಯದೆ ತೊಟ್ಟಿಯ ನೀರಲ್ಲೇ ಒದ್ದೆ ಇಟ್ಟಿದ್ದೆ. ಮುಚ್ಚಿದ ಡಬ್ಬಿಯಂಥ ಕ್ಯಾನಿಸ್ಟರ್ ಫಿಲ್ಟರ್ ಗಂಟೆಗಟ್ಟಲೆ ನಿಂತಿದ್ದರೆ ಒಳಗಿನ ನೀರು ಗಾಳಿಯಿಲ್ಲದೆ ಕೊಳೆತಿರುತ್ತದೆ. ಅದನ್ನು ಚೆಲ್ಲದೆ ಆನ್ ಮಾಡಿದರೆ ಆ ಕೊಳಕೆಲ್ಲ ಒಂದೇ ಸಲ ತೊಟ್ಟಿಗೆ.

ಈಗ ವ್ಯವಸ್ಥೆ ಬೇರೆ. ಎರಡನೇ ಸೆನ್ಸರ್ ಹಾಕು, ಅಲಾರಂ ಹಾಕು, ಫೋನಿಗೆ ಮೆಸೇಜ್ ಬರೋ ಹಾಗೆ ಮಾಡು ಅಂತ ಎಲ್ಲರೂ ಹೇಳಿದರು. ಹಾಕಿದೆ ಕೂಡ. ಆದರೆ ನಾನು ನಂಬಿರುವುದು ಅವನ್ನಲ್ಲ, ಪಾತ್ರೆಯ ಗಾತ್ರವನ್ನು. ಫ್ಲೋಟ್ ಸ್ವಿಚ್ಚಿನ ಕೆಳಗೆ ಒಂದು ಬಸವನಹುಳು ಕೂತರೂ ಅದು ತಪ್ಪು ಲೆಕ್ಕ ಹೇಳುತ್ತದೆ. ಹದಿನೈದು ಲೀಟರ್ ಡ್ರಮ್ಮಿನಿಂದ ಹದಿನಾರು ಲೀಟರ್ ಬರಲು ಮಾತ್ರ ಸಾಧ್ಯವಿಲ್ಲ.

ಅದೇ ಈಗಿನ ಲೆಕ್ಕ. ದಿನಕ್ಕೆ ಬದಲಾಗುವುದು 12 ಲೀಟರ್, ಅಂದರೆ 3 ಸೆಂಟಿಮೀಟರ್. ಡ್ರಮ್ 15 ಲೀಟರಿನದು. ತೊಟ್ಟಿಯ ಅಂಚಿನಿಂದ ನೀರು 4 ಸೆಂಟಿಮೀಟರ್ ಕೆಳಗೆ ಇರುತ್ತದೆ, ಅಲ್ಲಿ 16 ಲೀಟರ್ ಹಿಡಿಯುತ್ತದೆ. ಹೊರಹಾಕುವ ಪಂಪು ಸತ್ತುಹೋಗಿ, ಫ್ಲೋಟ್ ಕಚ್ಚಿಕೊಂಡು, ಡ್ರಮ್ಮಿನ ನೀರೆಲ್ಲ ತೊಟ್ಟಿಗೆ ಬಂದರೂ ನೆಲಕ್ಕೆ ಬೀಳುವುದಿಲ್ಲ. ಹೊರಹಾಕುವ ಪೈಪಿನ ಬಾಯಿ ನೀರಿನ ಮಟ್ಟದಿಂದ ಬರೀ 5 ಸೆಂಟಿಮೀಟರ್ ಕೆಳಗಿದೆ. ಸೈಫನ್ ಹಿಡಿದರೂ 20 ಲೀಟರ್ ಆದ ಮೇಲೆ ಬಾಯಿ ಗಾಳಿಗೆ ಬಂದು ತಾನೇ ನಿಲ್ಲುತ್ತದೆ. ಮೊದಲು ತಳದಲ್ಲಿ ಇಟ್ಟದ್ದು ಕಸವೂ ಹೋಗಲಿ ಅಂತ. ದುರಾಸೆ. ಕಸವನ್ನು ವಾರಕ್ಕೊಮ್ಮೆ ನಾನೇ ತೆಗೆಯುತ್ತೇನೆ. ಹೊಸ ಹೀಟರನ್ನು ಅಡ್ಡಡ್ಡ ತಳದಲ್ಲಿ ಮಲಗಿಸಿದ್ದೇನೆ, ನೀರು ಅಲ್ಲಿಗೆ ಇಳಿಯುವ ಪ್ರಶ್ನೆಯೇ ಇಲ್ಲ. ಅಡ್ಡ ಮಲಗಿಸಬಹುದಾ ಅಂತ ಅದರ ಪೆಟ್ಟಿಗೆಯ ಮೇಲೆ ಓದಿಕೊಳ್ಳಿ, ಎಲ್ಲವೂ ಅದಕ್ಕೆ ಆಗುವುದಿಲ್ಲ. ಬೋರ್ಡ್ ಎದುರು ಗೋಡೆಯಲ್ಲಿ ಭುಜದೆತ್ತರಕ್ಕೆ ಹೋಗಿದೆ. ಪ್ರತಿ ವೈರೂ ಪ್ಲಗ್ಗಿಗೆ ಹೋಗುವ ಮೊದಲು ಒಮ್ಮೆ ಕೆಳಗೆ ಜೋಲಿ ಮತ್ತೆ ಮೇಲೇರುತ್ತದೆ, ವೈರಿನ ಗುಂಟ ಹರಿದ ನೀರು ಆ ಜೋಲಿನಲ್ಲೇ ತೊಟ್ಟಿಕ್ಕಲಿ ಅಂತ.

ಇದಾದ ಮೇಲೂ ಒಂದು ಸಲ ನೆಲ ಒದ್ದೆಯಾಯಿತು. ಕರೆಂಟು ಹೋಗಿ ತುಂಬಿಸುವ ಪಂಪು ನಡುವೆ ನಿಂತಾಗ, ಅದರ ಪೈಪಿನ ತುದಿ ತೊಟ್ಟಿಯ ನೀರಲ್ಲಿ ಮುಳುಗಿದ್ದರಿಂದ ನೀರು ಉಲ್ಟಾ ಡ್ರಮ್ಮಿಗೆ ಇಳಿದು ಉಕ್ಕಿತು. ಈಗ ಆ ತುದಿ ನೀರಿಗಿಂತ ಮೇಲೆ, ಗಾಳಿಯಲ್ಲಿ. ಸದ್ದು ಮಾಡುತ್ತದೆ, ಮಾಡಲಿ. ಕರೆಂಟು ವಾಪಸ್ ಬಂದಾಗಿನ ಚೇಷ್ಟೆಯೂ ಒಂದಿದೆ. ಮುಳ್ಳು ತಿರುಗುವ ಹಳೇ ಟೈಮರ್ ಕರೆಂಟು ಇಲ್ಲದಷ್ಟು ಹೊತ್ತು ನಿಂತಿರುತ್ತದೆ, ಆಮೇಲೆ ಅಷ್ಟು ಹಿಂದೆ ಓಡುತ್ತದೆ. ಕೆಲವು ಸ್ಮಾರ್ಟ್ ಪ್ಲಗ್‌ಗಳು ಕರೆಂಟು ಬಂದ ಕೂಡಲೇ ಯಾರೂ ಕೇಳದೆ ಆನ್ ಆಗುತ್ತವೆ. ಸೆಟ್ಟಿಂಗ್‌ನಲ್ಲಿ ಅದನ್ನು ಆಫ್ ಅಂತ ಬದಲಿಸಿಕೊಳ್ಳಬೇಕು.

ಉಪ್ಪುನೀರಿನ ತೊಟ್ಟಿ ಇಟ್ಟಿರುವ ನನ್ನ ಗೆಳತಿಯ ತಾಪತ್ರಯ ಇನ್ನೂ ಸೂಕ್ಷ್ಮ. ಅವಳಿಗೆ ಪ್ರವಾಹವೂ ಇಲ್ಲ, ಸದ್ದೂ ಇಲ್ಲ. ಅವಳದು ರೋಲರ್ ಪಂಪು, ಒಳಗಿನ ರಬ್ಬರ್ ಟ್ಯೂಬ್ ಸವೆದಂತೆ ಅಳತೆ ಬದಲಾಗುತ್ತದೆ. ಹೊರಗೆ ಹೋಗುವುದಕ್ಕಿಂತ ಒಳಗೆ ಬರುವ ಉಪ್ಪುನೀರು ದಿನಕ್ಕೆ ಅರ್ಧ ಲೀಟರ್ ಕಡಿಮೆ. ಕೊರತೆ ಬಿದ್ದದ್ದನ್ನು ಆವಿಯಾದ ನೀರೇ ಇರಬೇಕು ಅಂದುಕೊಂಡು ಇನ್ನೊಂದು ಯಂತ್ರ ಸಿಹಿನೀರಿನಿಂದ ತುಂಬುತ್ತದೆ. ಮಟ್ಟ ಸರಿಯಾಗಿಯೇ ಕಾಣುತ್ತದೆ. ತಿಂಗಳಿಗೆ 15 ಲೀಟರ್ ಉಪ್ಪುನೀರಿನ ಜಾಗದಲ್ಲಿ ಸಿಹಿನೀರು ಕೂತಿರುತ್ತದೆ. ಟೋಟಲ್ ತಾಳೆಯಾಗಿ ಒಳಗಿನ ಲೆಕ್ಕ ತಪ್ಪಿರುವ ಪುಸ್ತಕ ಎಷ್ಟು ಅಪಾಯ ಅಂತ ನನಗೆ ಗೊತ್ತು. ಹವಳ ಮುದುಡಿಕೊಂಡ ಮೇಲೆ ಅವಳು ಉಪ್ಪಿನಂಶ ಅಳೆದಳು. ಒಂದೇ ಸಲಕ್ಕೆ ಸರಿಮಾಡಲು ಹೊರಟಿದ್ದಳು, ಬೇಡ ಅಂದೆ. ನಾಲ್ಕಾರು ದಿನ ಹಿಡಿದು ಸ್ವಲ್ಪ ಸ್ವಲ್ಪವೇ ಏರಿಸಿದಳು. ತಿಂಗಳಿಗೊಮ್ಮೆ ಎರಡೂ ಪಂಪಿನ ನೀರನ್ನು ಜಗ್ಗಿನಲ್ಲಿ ಹಿಡಿದು ಅಳೆದಿದ್ದರೆ ಸಾಕಿತ್ತು.

ಕೊನೆಗೆ ಅತ್ತೆಯ ವಿಷಯ ಹೇಳಬೇಕು. ಮನೆಯಲ್ಲಿ ಜಾಸ್ತಿ ಹೊತ್ತು ಇರುವವರು ಅವರೇ. ನಾನು ಕಪಾಟಿನ ಮೇಲೆ ಒಂದು ಹಾಳೆ ಅಂಟಿಸಿದ್ದೆ, ಹದಿಮೂರು ಅಂಶ, ಬಾಣದ ಗುರುತು ಎಲ್ಲ ಹಾಕಿ. ಅವರು ಕನ್ನಡಕ ಹಾಕಿಕೊಂಡು ಪೂರ್ತಿ ಓದಿದರು. "ಇದನ್ನ ಓದಿ ಮುಗಿಸೋಷ್ಟರಲ್ಲಿ ನೀರು ಬಾಗಿಲು ದಾಟಿರುತ್ತಮ್ಮ" ಅಂದರು. ಆಮೇಲೆ ಹಳೇ ಕೆಂಪು ರಿಬ್ಬನ್ ತಂದು ಆ ಎದುರು ಗೋಡೆಯ ಸ್ವಿಚ್ಚಿನ ಪಕ್ಕ ಒಂದು, ಬಾಲ್ ವಾಲ್ವಿನ ಹಿಡಿಗೆ ಒಂದು ಕಟ್ಟಿದರು. "ಮೊದಲು ಇದು, ಆಮೇಲೆ ಅದು. ಇನ್ನೇನಿದ್ರೂ ನಿಂಗೆ ಫೋನು. ಮೀನು ನೀನೇ ಬಂದು ನೋಡ್ಕೋ."

ಹಾಳೆ ಕಿತ್ತುಹಾಕಿದೆ.

ಪ್ರತಿ ಒಂದನೇ ತಾರೀಕು ಮೂರು ಕೆಲಸ ಮಾಡುತ್ತೇನೆ. ಸೈಫನ್ ಮುರಿಯುವ ತೂತಿಗೆ ಗುಂಡುಸೂಜಿ, ಫ್ಲೋಟಿಗೆ ಹಳೇ ಹಲ್ಲುಜ್ಜುವ ಬ್ರಷ್, ಆರ್‌ಸಿಸಿಬಿಯ ಟೆಸ್ಟ್ ಬಟನ್. ಒತ್ತಿದರೆ ಟಕ್ ಅಂತ ಬೀಳಬೇಕು. ಬೀಳದಿದ್ದರೆ ಆವತ್ತೇ ಎಲೆಕ್ಟ್ರಿಷಿಯನ್. ಇವತ್ತು ಒಂದನೇ ತಾರೀಕು. ತೂತು ಆಯಿತು, ಫ್ಲೋಟ್ ಆಯಿತು, ಒಂದು ಬಸವನಹುಳು ಸಿಕ್ಕಿತು. ಬಟನ್ ಒತ್ತಿದರೆ ಮನೆಯಿಡೀ ಕರೆಂಟು ಹೋಗುತ್ತದೆ, ಮಗ ಕಂಪ್ಯೂಟರ್ ಮುಂದೆ ಕೂತಿದ್ದಾನೆ. "ಅಮ್ಮಾ, ಐದೇ ನಿಮಿಷ, ಸೇವ್ ಮಾಡ್ತೀನಿ" ಅಂದು ಇಪ್ಪತ್ತು ನಿಮಿಷವಾಯಿತು. ಬೋರ್ಡಿನ ಪಕ್ಕ ಸ್ಟೂಲ್ ಹಾಕಿಕೊಂಡು ಕಾಯುತ್ತಿದ್ದೇನೆ.